ಹೊರಗಿನ ಸಾಲಿನ ಬಿಲ್ಲೆ

ನಾನು ಅವರನ್ನು ಮೊದಲ ಸಲ ನೋಡಿದಾಗ ಕಂಡದ್ದು ಅರ್ಧ ಮುಖ ಮಾತ್ರ. 2020ರ ಬೇಸಿಗೆ, ಲೋಕವೆಲ್ಲ ಮನೆಯೊಳಗೆ ಕೂತಿದ್ದ ಕಾಲ. ಅಟ್ಲಾಂಟಾ ಪಕ್ಕದ ಕಮ್ಮಿಂಗ್‌ನ ನಮ್ಮ ಮನೆಯ ಬೇಸ್‌ಮೆಂಟಿನಲ್ಲಿ ಮಗಳ ಆಟಿಕೆಗಳನ್ನು ಕಾಲಿನಿಂದ ಪಕ್ಕಕ್ಕೆ ಸರಿಸಿ, ಲ್ಯಾಪ್‌ಟಾಪ್ ಮುಂದೆ ಗಣಿ ಕಂಪನಿಯೊಂದರ ಇಂಟರ್‌ವ್ಯೂಗೆ ಕೂತಿದ್ದೆ. ಅದರ ಯಜಮಾನರು ವಾಷಿಂಗ್ಟನ್ ಪಕ್ಕದ ತಮ್ಮ ಮನೆಯಲ್ಲಿ ಕ್ಯಾಮೆರಾವನ್ನು ಎಲ್ಲಿಟ್ಟಿದ್ದರೋ ಏನೋ, ಒಂದು ಅಗಲವಾದ ಹಣೆ, ಎರಡು ಬಿಳಿ ಹುಬ್ಬು, ಹಿಂದಿನ ಗೋಡೆಯಲ್ಲೊಂದು ಮರದ ಹಲಗೆ, ಇಷ್ಟೇ ಕಾಣುತ್ತಿತ್ತು. ಹಲಗೆಯ ಮೇಲೆ ಎರಡು ಸಾಲು ಕೊಕ್ಕೆಗಳು. ಕೆಳಗಿನ ಸಾಲಿನ ಕೊನೆಯಲ್ಲಿ ಒಂದೇ ಒಂದು ಹಿತ್ತಾಳೆ ಬಿಲ್ಲೆ ನೇತಾಡುತ್ತಿತ್ತು. ಮುಚ್ಚಿದ ಕೋಣೆಯಲ್ಲಿ ಅದು ಯಾಕೆ ಅಲ್ಲಾಡುತ್ತಿದೆ ಎಂದು ನೋಡುತ್ತಾ ಅವರ ಮೊದಲ ಪ್ರಶ್ನೆಯನ್ನೇ ಕೇಳಿಸಿಕೊಳ್ಳಲಿಲ್ಲ.

"ನಿನಗೆ ಕೋಪ ಬರುತ್ತಾ ಅಂತ ಕೇಳಿದೆ," ಎಂದರು ಮತ್ತೊಮ್ಮೆ.

"ಬರುತ್ತೆ. ಈಗಲೂ ಬರ್ತಾ ಇದೆ," ಎಂದೆ.

"ಒಳ್ಳೆಯದು. ಗಣಿಯಲ್ಲಿ ಜನ ಸಾಯೋದು ಕೋಪಿಷ್ಠರಿಂದ ಅಲ್ಲ, ಸಂಕೋಚದ ಸ್ವಭಾವದವರಿಂದ," ಎಂದರು. ಕೆಲಸ ಸಿಕ್ಕಿತು.

ನಾನು ಮೈಸೂರಿನಲ್ಲಿ ಭೂವಿಜ್ಞಾನ ಓದಿದವಳು. ಅಮೆರಿಕಕ್ಕೆ ಬಂದ ಮೇಲೆ ಕಲ್ಲಿನ ಕೆಲಸ ಕೊಡುವವರು ಸಿಗದೆ, ಅಟ್ಲಾಂಟಾದ ಒಂದು ಕಂಪನಿಯಲ್ಲಿ ಕಂಪ್ಯೂಟರ್ ನಕ್ಷೆಗಳಿಗೆ ಬಣ್ಣ ತುಂಬುತ್ತಾ ಹತ್ತು ವರ್ಷ ಕಳೆದಿದ್ದೆ. ಈ ಇಂಗ್ಲಿಷ್ ಯಜಮಾನರ ಚಿಕ್ಕ ಕಂಪನಿ ಉತ್ತರ ಮತ್ತು ದಕ್ಷಿಣ ಕೆರೊಲಿನಾಗಳ ಗಡಿಯಲ್ಲಿ ಲಿಥಿಯಂ ಹುಡುಕುತ್ತಿತ್ತು. ವಾರಕ್ಕೆರಡು ದಿನ ನಾನು ಮೂರು ಗಂಟೆ ಡ್ರೈವ್ ಮಾಡಿಕೊಂಡು ಅಲ್ಲಿಗೆ ಹೋಗಿ, ನೆಲ ಕೊರೆದು ತೆಗೆದ ಕಲ್ಲುಗಳನ್ನು ನೋಡಿ ಬರೆದಿಟ್ಟು ಬರುತ್ತಿದ್ದೆ. ಕಲ್ಲು ಮುಟ್ಟಿದ ಮೊದಲ ದಿನ ಕಣ್ಣಲ್ಲಿ ನೀರು ಬಂತು. ಇದನ್ನು ಗಂಡನಿಗೂ ಹೇಳಿಲ್ಲ, ಆಮೇಲೆ ವರ್ಷಗಟ್ಟಲೆ ಆಡಿಕೊಳ್ಳುತ್ತಾನೆ.

ಕಲ್ಲಿನ ಕೆಲಸದ ಜೊತೆಗೆ ಇನ್ನೊಂದು ಕೆಲಸವೂ ನನ್ನ ತಲೆಗೆ ಬಂತು. ವಾಷಿಂಗ್ಟನ್ನಿನ ಬಂಡವಾಳದ ಸಂಸ್ಥೆಗಳಿಗೆ ಕೊಡಲು ಅವರ ವೃತ್ತಿಜೀವನವನ್ನು ಒಂದು ಪುಟದಲ್ಲಿ ಬರೆಯಬೇಕಿತ್ತು. ಒಂದು ಪುಟಕ್ಕೆ ಆರು ತಿಂಗಳು ಹಿಡಿಯಿತು. ಅವರು ಇಂಗ್ಲೆಂಡಿನ ತವರದ ಗಣಿಯೂರಿನಲ್ಲಿ ಹುಟ್ಟಿ, ಇಪ್ಪತ್ತೆರಡನೇ ವಯಸ್ಸಿಗೆ ಆಫ್ರಿಕದ ತಾಮ್ರದ ಗಣಿಗೆ ಹೋದವರು. ಅಲ್ಲಿಂದ ಚಿನ್ನ, ಆಮೇಲೆ ದಕ್ಷಿಣ ಅಮೆರಿಕದ ಮರುಭೂಮಿ, ಆಮೇಲೆ ಲಂಡನ್ನಿನಲ್ಲಿ ದೊಡ್ಡ ಕಂಪನಿಯೊಂದರ ಮುಖ್ಯಸ್ಥ. ನಿವೃತ್ತಿಯ ವಯಸ್ಸಿನಲ್ಲಿ ವಾಷಿಂಗ್ಟನ್ನಿಗೆ ಬಂದರು. ಸುಮ್ಮನಿರಲಾರದೆ ಎಪ್ಪತ್ತು ದಾಟಿದ ಮೇಲೆ ಈ ಚಿಕ್ಕ ಕಂಪನಿ ಕಟ್ಟಿದರು. ನಾನು ಹೊಗಳಿ ಬರೆದದ್ದನ್ನೆಲ್ಲ ಹೊಡೆದುಹಾಕುತ್ತಿದ್ದರು. ಎಷ್ಟು ಟನ್ ತೆಗೆದರು, ಯಾವ ಮಂತ್ರಿಯ ಕೈ ಕುಲುಕಿದರು, ಅದೊಂದೂ ಅವರಿಗೆ ಬೇಡ. "ನನ್ನ ಬಿಲ್ಲೆ ಒಂದು ದಿನವೂ ತಪ್ಪಾದ ಸಾಲಿನಲ್ಲಿ ಇರಲಿಲ್ಲ. ಅದನ್ನು ಬರೆ," ಎಂದರು.

ಬಿಲ್ಲೆಯ ವಿಷಯ ಇಷ್ಟೇ. ಗಣಿಗೆ ಇಳಿಯುವ ಪ್ರತಿಯೊಬ್ಬರಿಗೂ ನಂಬರು ಕೊರೆದ ಒಂದು ಹಿತ್ತಾಳೆ ಬಿಲ್ಲೆ. ಒಳಗೆ ಹೋಗುವಾಗ ಅದನ್ನು ಹಲಗೆಯ ಕೆಳಗಿನ ಸಾಲಿಗೆ, ಅಂದರೆ ಒಳಗಿನ ಸಾಲಿಗೆ ಹಾಕಬೇಕು, ಹೊರಗೆ ಬಂದ ಮೇಲೆ ಮೇಲಿನ ಸಾಲಿಗೆ, ಅದು ಹೊರಗಿನ ಸಾಲು. ಕೆಳಗಿನ ಸಾಲು ಖಾಲಿಯಾದರೆ ಒಳಗೆ ಯಾರೂ ಇಲ್ಲ ಎಂದು ಲೆಕ್ಕ. ಆಗ ಸಿಡಿಮದ್ದು ಹಾರಿಸಬಹುದು, ಬಾಗಿಲು ಹಾಕಬಹುದು. ನಮ್ಮ ಬಿಲ್ಲೆಯನ್ನು ನಾವೇ ಮುಟ್ಟಬೇಕು, ಇನ್ನೊಬ್ಬರದನ್ನು ಮುಟ್ಟಿದವರಿಗೆ ಅವತ್ತೇ ಕೆಲಸ ಹೋಯಿತು. ನಮ್ಮ ಕಂಪನಿಗೆ ಇನ್ನೂ ಗಣಿಯಿರಲಿಲ್ಲ, ಇದ್ದುದು ಒಂದು ತಗಡಿನ ಶೆಡ್ಡು ಅಷ್ಟೇ, ಆದರೂ ಬಾಗಿಲಲ್ಲಿ ಹಲಗೆ. ಗೆಳೆಯನ ಬಿಲ್ಲೆಯನ್ನು ತಮಾಷೆಗೆ ಬದಲಿಸಿದ ಒಬ್ಬ ಡ್ರಿಲ್ಲರನನ್ನು ನನ್ನ ಕಣ್ಣೆದುರೇ ಮನೆಗೆ ಕಳಿಸಿದ್ದರು.

ಇನ್ನು, ಇಂಟರ್‌ವ್ಯೂ ದಿನ ಕಂಡ ಆ ಒಂಟಿ ಬಿಲ್ಲೆ. ಅವರು ಹೋದ ಕಡೆಯೆಲ್ಲ ಅದನ್ನು ಒಯ್ಯುತ್ತಿದ್ದರು, ಒಳಗಿನ ಸಾಲಿನ ಕೊನೆಯ ಕೊಕ್ಕೆಗೆ ಹಾಕುತ್ತಿದ್ದರು. ಅವರ ಮೊದಲ ಗಣಿಯಲ್ಲಿ ಒಬ್ಬ ಇಳಿದವನು ಹತ್ತಿ ಬರಲಿಲ್ಲ, ದೇಹವೂ ಸಿಗಲಿಲ್ಲ. ಗಣಿ ಮುಚ್ಚುವವರೆಗೂ ಯಾರೂ ಆ ಬಿಲ್ಲೆಯನ್ನು ತೆಗೆಯಲು ಒಪ್ಪಲಿಲ್ಲವಂತೆ. ಮುಚ್ಚಿದ ದಿನ ಇವರು ಜೇಬಿಗೆ ಹಾಕಿಕೊಂಡು ಬಂದರು.

"ಆಮೇಲೆ ಅಲ್ಲಿ ಕೆಲಸ ಮಾಡಿದವರೆಲ್ಲ ಒಂದೇ ಮಾತು ಹೇಳೋರು," ಎಂದರು ಒಂದು ದಿನ. "ಹೊರಗೆ ನಡೆದು ಬರುವಾಗ ಹಿಂದೆ ಯಾರೋ ಬರ್ತಾ ಇರ್ತಾರೆ ಅಂತ. ಬೂಟಿನ ಸದ್ದು, ಲ್ಯಾಂಪಿನ ಬೆಳಕು. ಅದಕ್ಕೇ ನಾನು ಹೇಳೋದು, ನೆಲದ ಕೆಳಗೆ ನಿನ್ನ ಕಿವಿ ನಂಬಬೇಡ. ಹಲಗೆ ನಂಬು."

ನಾನು ಒಳಗೊಳಗೇ ನಕ್ಕೆ. ದೆವ್ವದ ಕತೆ ಹೇಳುವುದಕ್ಕೆ ಇಂಗ್ಲೆಂಡಿನಿಂದ ಬರಬೇಕಿತ್ತೇ, ಊರಿನ ನಮ್ಮ ಬೀದಿಯಲ್ಲೇ ಅಂಥವರು ಮನೆಗೊಬ್ಬರಿದ್ದರು.

ಎರಡು ವರ್ಷ ಚೆನ್ನಾಗಿ ನಡೆಯಿತು. ಆಮೇಲೆ ಅವರು ಮರೆಯತೊಡಗಿದರು. ಒಮ್ಮೆ ನನ್ನನ್ನು ಬೇರೆ ಯಾರದೋ ಹೆಸರಿನಿಂದ ಕರೆದರು. ಇನ್ನೊಮ್ಮೆ ಒಲೆಯ ಮೇಲೆ ಕೆಟಲ್ ಇಟ್ಟು ವಾಕಿಂಗ್ ಹೋದರಂತೆ. ಅವರ ಜೊತೆಗಿದ್ದ ಮಗಳು ಹೆದರಿದಳು. ಕಂಪನಿಯ ಡೈರೆಕ್ಟರುಗಳಿಗೆ ಇದು ಗೊತ್ತಾಗಿ, ಮುದುಕನನ್ನು ನಯವಾಗಿ ಮನೆಗೆ ಕಳಿಸುವ ಮಾತು ಶುರುವಾಯಿತು. ಯಜಮಾನರಿಗೆ ಬೇಕಾಗಿದ್ದುದು ಒಂದೇ, ಈ ಕೊನೆಯ ಗಣಿ ಶುರುವಾಗುವುದನ್ನು ನೋಡುವುದು. ಅದಕ್ಕೆ ಅವರ ತಲೆ ಸರಿಯಿದೆ ಎಂದು ನಾಲ್ಕು ಜನ ನಂಬಬೇಕಿತ್ತು.

"ಮರೆವಿನ ಪರೀಕ್ಷೆ ಅಂತ ಡಾಕ್ಟರು ಗಡಿಯಾರದ ಚಿತ್ರ ಬರೆಸ್ತಾರೆ," ಎಂದು ಫೋನಿನಲ್ಲಿ ರೇಗಿದರು. "ನಾನು ಹಲಗೆ ತೋರಿಸ್ತೀನಿ. ನಲವತ್ತೈದು ವರ್ಷ ನನ್ನ ಬಿಲ್ಲೆ ತಪ್ಪಿಲ್ಲ. ಒಂದು ದಿನ ತಪ್ಪಲಿ, ನಾನೇ ಬಿಟ್ಟು ಹೋಗ್ತೀನಿ. ಯಾರೂ ತಳ್ಳಬೇಕಾಗಿಲ್ಲ."

2023ರ ಜುಲೈನ ಒಂದು ಬುಧವಾರ, ನಮ್ಮ ಜಾಗದ ಅಂಚಿನಲ್ಲಿದ್ದ ಹಳೆಯ ಚಿನ್ನದ ಸುರಂಗವೊಂದನ್ನು ನೋಡಲು ಹೋದೆವು. ಆ ಸೀಮೆಯಲ್ಲಿ ಪೈನ್ ಮರಗಳ ನಡುವೆ ಇಂಥವು ಎಷ್ಟೋ ಇವೆ. ನೆಲ ಒಳಮುಖವಾಗಿ ಇಳಿಜಾರು, ಒಳಗೆಲ್ಲ ನೀರು. ಎರಡು ದಿನ ಡೀಸೆಲ್ ಪಂಪು ಓಡಿಸಿ ನೀರು ತೆಗೆದಿದ್ದರು. ಪಂಪು ನಿಂತರೆ ಸಂಜೆಯೊಳಗೆ ಮತ್ತೆ ತುಂಬುತ್ತದೆ. ಬಾಯಿಗೆ ಕಬ್ಬಿಣದ ಗೇಟು, ಗೇಟಿನ ಪಕ್ಕ ಹಲಗೆ. ಬೀಗದ ಕೈ ಮತ್ತು ಪಂಪು ಅಲ್ಲಿನವನೇ ಆದ ಫೋರ್‌ಮನ್ ಕೈಯಲ್ಲಿ. ಅವನು ಒಳಗೆ ಬರಲು ಒಪ್ಪಲಿಲ್ಲ. "ನಮ್ಮಜ್ಜ ಬೇಡ ಅಂದಿದ್ದಾರೆ," ಎಂದ, ಅಷ್ಟೇ. ಹೀಗಾಗಿ ಒಳಗೆ ಹೋದವರು ನಾವಿಬ್ಬರೇ.

ಗೇಟಿನ ಹತ್ತಿರ ಅವರು ತಮ್ಮ ಬಿಲ್ಲೆ ಹಾಕಲು ಪಟ್ಟ ಪಾಡು ನನ್ನಿಂದ ನೋಡಲಾಗಲಿಲ್ಲ. ಸಂಧಿವಾತದ ಬೆರಳುಗಳು ಮಡಚುತ್ತಿರಲಿಲ್ಲ. ಮೂರು ಸಲ ಜಾರಿ ಬಿದ್ದ ಬಿಲ್ಲೆಯನ್ನು ಮೂರು ಸಲವೂ ಬಗ್ಗಿ ತಾವೇ ಎತ್ತಿದರು. ನಾನು ಕೈ ಚಾಚಿದೆ. ಅವರು ನೋಡಿದ ನೋಟಕ್ಕೆ ಕೈ ತಾನಾಗಿಯೇ ಹಿಂದೆ ಬಂತು. ಒಳಗಿನ ಸಾಲಿನಲ್ಲಿ ಆಗ ಮೂರು ಬಿಲ್ಲೆಗಳು: ಅವರದು, ನನ್ನದು, ಕೊನೆಯ ಕೊಕ್ಕೆಯ ಆ ಹಳೆಯದು.

ಸುರಂಗದೊಳಗೆ ಒಂದು ಗಂಟೆ ಇದ್ದೆವು. ಪಂಪಿನ ಸದ್ದು ಗೋಡೆಯ ಒಳಗಿನಿಂದ ಬರುವ ಹಾಗೆ ಕೇಳುತ್ತಿತ್ತು. ಅವರು ಕಲ್ಲಿನ ಮೇಲೆ ಅಂಗೈಯಿಟ್ಟು ಒಂದೊಂದು ಪದರವನ್ನೂ ತಪ್ಪಿಲ್ಲದೆ ಹೇಳಿದರು. ಈ ವಿದ್ಯೆಯನ್ನು ಅರೆದು ಕುಡಿದವರು. ಇವರ ತಲೆ ಕೆಟ್ಟಿದೆ ಎನ್ನುವವರನ್ನು ಇಲ್ಲಿಗೆ ಕರೆತಂದು ನಿಲ್ಲಿಸಬೇಕು ಅನ್ನಿಸಿತು.

"ಸಾಕು, ಹೊರಡೋಣ. ನೀನು ಮುಂದೆ ನಡೆ," ಎಂದರು. ನಾನು ಮುಂದೆ, ಅವರು ಹಿಂದೆ. ನೀರು ನಿಂತ ನೆಲದಲ್ಲಿ ಅವರ ಬೂಟು ಪಚಕ್ ಪಚಕ್ ಎನ್ನುತ್ತಿತ್ತು. ಅವರ ಲ್ಯಾಂಪಿನ ಬೆಳಕು ಬೆನ್ನಿಗೆ ಬಿದ್ದು, ನನ್ನ ನೆರಳು ನನ್ನ ಮುಂದೆ ಉದ್ದವಾಗಿ ನಡೆಯುತ್ತಿತ್ತು. ಗೇಟಿಗೆ ಹತ್ತು ಹೆಜ್ಜೆ ಇರುವಾಗಲೂ ನೆರಳು ಇತ್ತು, ಸದ್ದು ಇತ್ತು. ಇದನ್ನು ನಾನು ಪ್ರಮಾಣ ಮಾಡಿ ಹೇಳಬಲ್ಲೆ.

ಹೊರಗೆ ಆಕಾಶ ಕಪ್ಪಾಗಿತ್ತು, ದಪ್ಪ ಹನಿಗಳು ಬೀಳತೊಡಗಿದ್ದವು. ಫೋರ್‌ಮನ್ ಆಚೆ ಪಂಪಿನ ಹತ್ತಿರ ಇದ್ದ, ಕಾಣುತ್ತಿರಲಿಲ್ಲ. ನನ್ನ ಬಿಲ್ಲೆಯನ್ನು ಮೇಲಿನ ಸಾಲಿಗೆ ಹಾಕಿದೆ. ಕೆಳಗಿನ ಸಾಲಿನಲ್ಲಿ ಅವರದು ಇನ್ನೂ ಇತ್ತು. ಬೆಳಗ್ಗಿನ ಆ ಬೆರಳುಗಳು ಕಣ್ಣ ಮುಂದೆ ಬಂದವು. ಮಳೆಯಲ್ಲಿ ನಿಂತು ಈ ವಯಸ್ಸಿನಲ್ಲಿ ಮತ್ತೆ ಅದೇ ಪಾಡೇ? ನಮ್ಮಲ್ಲಿ ಊಟವಾದ ಮೇಲೆ ಹಿರಿಯರ ತಟ್ಟೆಯನ್ನು ಕೇಳದೆಯೇ ಎತ್ತುತ್ತೇವೆ. ಹಾಗೆ ಎತ್ತಿಬಿಟ್ಟೆ. ಕಾಲೇಜಿನಲ್ಲಿ ಎಷ್ಟು ಗೆಳತಿಯರಿಗೆ ಪ್ರಾಕ್ಸಿ ಹಾಜರಿ ಕೂಗಿದವಳೋ, ಅವಳಿಗೆ ಇದು ತಪ್ಪು ಅಂತಲೂ ಅನ್ನಿಸಲಿಲ್ಲ. ಅವರ ಬಿಲ್ಲೆಯನ್ನು ಹೊರಗಿನ ಸಾಲಿಗೆ ಹಾಕಿ, ತಲೆಯ ಮೇಲೆ ಫೈಲು ಹಿಡಿದು ಕಾರಿಗೆ ಓಡಿದೆ. ಅವರ ಕಾರು ಗುಡ್ಡದ ಇನ್ನೊಂದು ಬದಿಗೆ ನಿಂತಿತ್ತು. ನನ್ನ ಮಗಳನ್ನು ಐದಕ್ಕೆ ಸ್ವಿಮ್ಮಿಂಗ್ ಕ್ಲಾಸಿನಿಂದ ಕರೆತರಬೇಕಿತ್ತು.

ಗಡಿ ದಾಟಿ ದಕ್ಷಿಣ ಕೆರೊಲಿನಾದಲ್ಲಿ, ಪೀಚ್ ಹಣ್ಣಿನ ಆಕಾರದ ಆ ದೊಡ್ಡ ನೀರಿನ ಟ್ಯಾಂಕಿನ ಹತ್ತಿರ ಪೆಟ್ರೋಲ್ ಹಾಕಿಸಲು ನಿಂತೆ. ಫೋನ್ ನೋಡಿದೆ. ಒಂದು ಮೆಸೇಜೂ ಇಲ್ಲ. ಅಲ್ಪವಿರಾಮ ತಪ್ಪಿದ್ದಕ್ಕೂ ನನ್ನನ್ನು ಬೈಯುವ ಮನುಷ್ಯ, ಬಿಲ್ಲೆ ಮುಟ್ಟಿದ್ದಕ್ಕೆ ಇಷ್ಟು ಹೊತ್ತಿಗೆ ಫೋನಿನಲ್ಲೇ ನನ್ನ ಚರ್ಮ ಸುಲಿಯಬೇಕಿತ್ತು. ಬೈಗುಳ ಯಾಕೆ ಬರಲಿಲ್ಲ? ಫೋನ್ ಮಾಡಿದೆ, ಹೋಗಲಿಲ್ಲ. ಆಗ ಹೊಳೆಯಿತು. ಹೊರಗೆ ಬಂದ ಮೇಲೆ ನಾನು ಅವರ ಮುಖ ನೋಡಿರಲಿಲ್ಲ. ಸುರಂಗದಲ್ಲೂ ಒಮ್ಮೆಯೂ ತಿರುಗಿ ನೋಡಿರಲಿಲ್ಲ. ನೋಡಿದ್ದು ನನ್ನ ನೆರಳನ್ನು.

ಹಿಂದಕ್ಕೆ ಹೇಗೆ ಡ್ರೈವ್ ಮಾಡಿದೆನೋ ಗೊತ್ತಿಲ್ಲ. ಫೋರ್‌ಮನ್ ಏಳನೇ ಸಲ ಮಾಡಿದಾಗ ಫೋನ್ ಎತ್ತಿದ. ಹಲಗೆ ನೋಡಿದನಂತೆ, ಹಳೆಯ ಬಿಲ್ಲೆ ಬಿಟ್ಟರೆ ಕೆಳಗಿನ ಸಾಲು ಖಾಲಿ. ಪಂಪು ನಿಲ್ಲಿಸಿ ಗೇಟಿಗೆ ಬೀಗ ಹಾಕಿ ಮನೆಗೆ ಹೋಗಿದ್ದ. "ಒಮ್ಮೆ ಒಳಗೆ ಕೂಗಿದೆ ಮೇಡಂ, ಉತ್ತರ ಬರಲಿಲ್ಲ," ಎಂದ. ಅವನಿಗಿಂತ ಮೊದಲು ನಾನು ತಲುಪಿದೆ. ಮಳೆ ನಿಂತಿತ್ತು. ಗೇಟಿನ ಸರಳು ಹಿಡಿದು ಕಿರುಚಿದೆ.

ಬಹಳ ಹೊತ್ತಿನ ಮೇಲೆ, ತುಂಬಾ ಆಳದಿಂದ ಅವರ ದನಿ ಬಂತು. "ಯಾರು?"

"ನಾನು! ನಾನು ಹೊರಗಿದ್ದೀನಿ! ಬನ್ನಿ!"

ಸರಳಿಗೆ ಕಿವಿ ಹಚ್ಚಿದೆ.

"ನೀನು ಹೊರಗಿದ್ದೀಯಾ?" ಎಂದರು. "ಹಾಗಾದರೆ ಇಲ್ಲಿ ಕೆಮ್ಮುತ್ತಾ ಇರೋದು ಯಾರು?"

ಬನ್ನಿ, ಬನ್ನಿ ಎಂದು ಕೂಗುತ್ತಲೇ ಇದ್ದೆ. ಲ್ಯಾಂಪಿನ ಬೆಳಕು ಮೆಲ್ಲಗೆ ಹತ್ತಿರ ಬಂತು. ಒಂದೆರಡು ಸಲ ನಿಂತು ಹಿಂದೆ ತಿರುಗಿತು. ಎದೆಯವರೆಗೆ ಒದ್ದೆಯಾಗಿ, ನೀಲಿಗಟ್ಟಿದ ತುಟಿಯಲ್ಲಿ ಅವರು ಗೇಟಿನ ಆ ಬದಿಗೆ ಬಂದು ನಿಂತರು. ಹೊರಡುವಾಗ ಹಿಂದಿನಿಂದ ನನ್ನ ಕೆಮ್ಮು ಕೇಳಿಸಿತಂತೆ. ನಾನು ಯಾವಾಗ ಹಿಂದುಳಿದೆ ಎಂದು ಹುಡುಕಿಕೊಂಡು ಹೋದರಂತೆ. ಪಂಪು ನಿಂತದ್ದು ಗೊತ್ತಾಯಿತು, ನೀರು ಏರುವುದೂ ಗೊತ್ತಾಯಿತು. ಆದರೂ ನನ್ನನ್ನು ಬಿಟ್ಟು ಹೊರಗೆ ಬರಲು ಮನಸ್ಸಾಗಲಿಲ್ಲವಂತೆ. ಇದನ್ನೆಲ್ಲ ಅವರು ಹಲ್ಲು ಕಟಕಟಿಸುತ್ತಾ, ಕೆಲಸದ ವರದಿ ಒಪ್ಪಿಸುವ ಹಾಗೆ ಹೇಳಿದರು. ಆಮೇಲೆ ಕೇಳಿದರು.

"ನನ್ನ ಬಿಲ್ಲೆ ಎಲ್ಲಿದೆ?"

"ಹೊರಗಿನ ಸಾಲಿನಲ್ಲಿ."

"ಯಾರು ಹಾಕಿದ್ದು?"

ಆ ವರ್ಷ ನನ್ನ ಗಂಡನ ಕೆಲಸ ಹೋಗಿತ್ತು. ನಾವಿಬ್ಬರೂ ನನ್ನ ವೀಸಾದ ಮೇಲೆ ಇದ್ದೆವು, ಗ್ರೀನ್ ಕಾರ್ಡಿನ ಅರ್ಜಿ ಕಂಪನಿಯ ಕೈಯಲ್ಲಿತ್ತು. ಇನ್ನೊಬ್ಬರ ಬಿಲ್ಲೆ ಮುಟ್ಟಿದವರಿಗೆ ಅವತ್ತೇ ಕೊನೆ, ಆಮೇಲೆ ಅರವತ್ತು ದಿನದಲ್ಲಿ ದೇಶ ಬಿಡಬೇಕು. ಇದೆಲ್ಲ ಆಗ ಯೋಚಿಸಿ ಹೇಳಿದೆ ಎಂದರೆ ಅದೂ ಸುಳ್ಳು. ಯೋಚನೆಗಿಂತ ಮೊದಲು ಬಾಯಿ ಆಡಿತು.

"ನೀವೇ," ಎಂದೆ. "ನೀವೂ ನನ್ನ ಜೊತೆ ಹೊರಗೆ ಬಂದ್ರಿ. ನೀವೇ ಹಾಕಿದ್ರಿ. ಆಮೇಲೆ ಮತ್ತೆ ಯಾಕೆ ಒಳಗೆ ಹೋದ್ರಿ?"

ಅವರು ಸರಳು ಹಿಡಿದುಕೊಂಡರು. ನನ್ನನ್ನೇ ನೋಡಿದರು. ಆ ನೋಟದಲ್ಲಿ ಅನುಮಾನ ಇತ್ತು, ಅದು ನನ್ನ ಮೇಲಿನದಲ್ಲ. "ನನಗೆ ನೆನಪಿಲ್ಲ," ಎಂದರು ಮೆಲ್ಲಗೆ. ಅಷ್ಟರಲ್ಲಿ ಫೋರ್‌ಮನ್ ಬೀಗದ ಕೈ ಹಿಡಿದು ಓಡಿಬಂದ.

ಆಡಿದ ಮಾತಿಗೆ ತಪ್ಪದ ಮನುಷ್ಯ. ಯಾರೂ ತಳ್ಳಲಿಲ್ಲ, ಮುಂದಿನ ವಾರ ತಾವೇ ರಾಜೀನಾಮೆ ಕೊಟ್ಟರು. ಸುದೀರ್ಘ ಮತ್ತು ಗೌರವಾನ್ವಿತ ವೃತ್ತಿಜೀವನದ ನಂತರ, ಆರೋಗ್ಯದ ಕಾರಣದಿಂದ, ಎಂದು ಪ್ರಕಟಣೆ ಬರೆದವಳು ನಾನೇ. ಉಂಡ ಮನೆಗೆ ಎರಡು ಬಗೆಯುವುದು ಎಂದು ಓದಿದ್ದೆ, ಅದನ್ನು ಇಷ್ಟು ನೀಟಾಗಿ ಟೈಪ್ ಮಾಡಿ ಕಳಿಸಬಹುದು ಎಂದು ಗೊತ್ತಿರಲಿಲ್ಲ. ಡೈರೆಕ್ಟರುಗಳು ಭಾಷೆ ತುಂಬಾ ಚೆನ್ನಾಗಿದೆ ಎಂದರು.

"ಅವ್ರಿಗೆ ಏನಾಯ್ತಂತೆ?" ಎಂದು ಗಂಡ ಕೇಳಿದ.

"ಮರೆವು," ಎಂದೆ.

"ಪಾಪ. ಏಜ್ ಆಯ್ತಲ್ಲ, ಏನ್ ಮಾಡಕ್ಕಾಗತ್ತೆ," ಎಂದು ಅವನು ಟಿವಿ ಕಡೆ ತಿರುಗಿದ. ನನಗೆ ಅವನ ಮೇಲೆ ಎಲ್ಲಿಲ್ಲದ ಸಿಟ್ಟು ಬಂತು.

ಅವತ್ತಿನಿಂದ ಒಂದು ರೋಗ ಅಂಟಿಕೊಂಡಿದೆ. ಬೇಸ್‌ಮೆಂಟಿನಿಂದ ಮೇಲೆ ಹತ್ತುವಾಗ ಹಿಂದೆ ಒದ್ದೆ ಬೂಟಿನ ಸದ್ದು ಬರುತ್ತದೆ. ಪ್ರತಿದಿನ ಅಲ್ಲ, ಮರೆತೆ ಅಂದುಕೊಂಡ ದಿನ. ನಾನು ನಿಂತರೆ ಅದೂ ನಿಲ್ಲುತ್ತದೆ. ಹಗಲಲ್ಲೂ ದೀಪ ಹಾಕಿಕೊಂಡು ಹತ್ತುತ್ತೇನೆ. "ಅಮ್ಮಾ, ವೈ ಡು ಯು ಕೀಪ್ ಲುಕಿಂಗ್ ಬ್ಯಾಕ್?" ಎಂದು ಮಗಳು ಕೇಳುತ್ತಾಳೆ. ಬಟ್ಟೆ ಬಿತ್ತೇನೋ ಅಂತ ನೋಡಿದೆ ಎನ್ನುತ್ತೇನೆ. ಅವಳು ನಂಬುತ್ತಾಳೆ. ನನ್ನ ಮಾತನ್ನು ಎಲ್ಲರೂ ಬೇಗ ನಂಬುತ್ತಾರೆ.

2025ರ ವಸಂತದಲ್ಲಿ ಕೆಲಸದ ಮೇಲೆ ವಾಷಿಂಗ್ಟನ್ನಿಗೆ ಹೋಗಿದ್ದೆ. ಮೀಟಿಂಗ್ ಮುಗಿಸಿ ಮೆಟ್ರೋ ಹತ್ತಿ ಅವರ ಮನೆಗೆ ಹೋದೆ. ಹೇಳಿಬಿಡುವುದು ಎಂದು ನಿರ್ಧಾರ ಮಾಡಿಯೇ ಹೋದದ್ದು. ಎಸ್ಕಲೇಟರಿನಲ್ಲಿ ವಾಕ್ಯಗಳನ್ನು ಜೋಡಿಸಿಕೊಂಡಿದ್ದೆ. ಬಾಗಿಲು ತೆಗೆದ ಅವರ ಮಗಳು ದಣಿದಿದ್ದಳು. ಅವರು ಕಿಟಕಿಯ ಹತ್ತಿರ ಕೂತಿದ್ದರು, ಅರ್ಧದಷ್ಟಾಗಿದ್ದರು. ಕಪಾಟಿನ ಮೇಲೆಲ್ಲ ಚೀಟಿಗಳು: ಕಪ್ಪು, ಚಮಚ, ಔಷಧಿ. ಕಾರಿನ ಕೀ ಮಗಳ ಹತ್ತಿರ. ಒಬ್ಬರನ್ನೇ ಬಾಗಿಲು ದಾಟಲು ಬಿಡುತ್ತಿರಲಿಲ್ಲ. ನನ್ನ ಗುರುತು ತಕ್ಷಣ ಹತ್ತಿತು, ಹೆಸರನ್ನೂ ಸರಿಯಾಗಿ ಕರೆದರು. ಮಗಳನ್ನು ಟೀ ಮಾಡಲು ಕಳಿಸಿ, ಹತ್ತಿರ ಬಾ ಎಂದು ಸನ್ನೆ ಮಾಡಿದರು.

"ಒಂದು ಕೇಳಬೇಕಿತ್ತು," ಎಂದರು. "ಆ ಸುರಂಗದ ದಿನ. ಬಿಲ್ಲೆ ನಾನೇ ಹಾಕಿದೆ ಅನ್ನೋದನ್ನು ಒಪ್ಪಿಕೊಂಡಿದ್ದೀನಿ. ಆದರೆ ಆ ಕೆಮ್ಮು. ಡಾಕ್ಟರು ಅದನ್ನೇ ಮೊದಲ ಲಕ್ಷಣ ಅಂತ ಬರೆದುಕೊಂಡಿದ್ದಾರೆ. ಇಲ್ಲದ್ದು ಕೇಳಿಸಿತು ಅಂತ. ನಿನಗೂ ಅವತ್ತು ಏನಾದರೂ ಕೇಳಿಸಿತಾ? ಏನೇ ಆಗಲಿ. ಒಂದು ಸದ್ದು? ನೀನು ಹೌದು ಅಂದರೆ ನನಗೆ ಸಾಕು."

ಎರಡು ವರ್ಷದಿಂದ ನನ್ನ ಬೆನ್ನ ಹಿಂದೆ ನಡೆಯುತ್ತಿರುವುದನ್ನು ಅವರು ಕೇಳುತ್ತಿದ್ದರು. ಹೌದು ಎನ್ನುವ ಒಂದೇ ಮಾತು. ಆದರೆ ಹೌದು ಎಂದರೆ ಬೂಟಿನ ಸದ್ದಿನ ಮಾತು ಬರಬೇಕು, ಅದು ಬಂದರೆ ಅವರು ನನ್ನ ಹಿಂದೆ ಇರಲೇ ಇಲ್ಲ ಎಂಬ ಮಾತು, ಅದರ ಹಿಂದೆಯೇ ಬಿಲ್ಲೆಯ ಮಾತು. ಅಡುಗೆಮನೆಯಲ್ಲಿ ಮಗಳು ಕಪ್ಪು ಜೋಡಿಸುವ ಸದ್ದಾಗುತ್ತಿತ್ತು. ಗ್ರೀನ್ ಕಾರ್ಡು ಇನ್ನೂ ಬಂದಿರಲಿಲ್ಲ.

"ಇಲ್ಲ," ಎಂದೆ. "ಏನೂ ಕೇಳಿಸಲಿಲ್ಲ."

ಅವರು ತಲೆಯಾಡಿಸಿದರು. ಮಡಚದ ಬೆರಳುಗಳಿಂದ ನನ್ನ ಕೈ ತಟ್ಟಿದರು. "ಥ್ಯಾಂಕ್ ಯೂ," ಎಂದರು. "ಇಲ್ಲಿ ಎಲ್ಲರೂ ನನಗೆ ನೋವಾಗಬಾರದು ಅಂತ ಸುಳ್ಳು ಹೇಳ್ತಾರೆ. ನೀನೊಬ್ಬಳೇ ನಿಜ ಹೇಳೋದು."

ಟೀ ಕುಡಿದು ಬಂದೆ. ಅವರು ಇನ್ನೂ ಇದ್ದಾರೆ. ಕಣ್ಣು ಚೆನ್ನಾಗಿದೆ, ಪತ್ರ ಬಂದರೆ ತಾವೇ ಓದುತ್ತಾರೆ ಎಂದು ಮಗಳು ಹೇಳಿದ್ದಳು. ನಡೆದದ್ದನ್ನೆಲ್ಲ ಒಂದೂ ಬಿಡದೆ ಬರೆದೆ. ಅದನ್ನು ಕನ್ನಡದಲ್ಲಿ ಬರೆದೆ. ಅವರಿಗೆ ಕನ್ನಡ ಬರುವುದಿಲ್ಲ.